ಕಡತಕ್ಕೆ ಸೇರದ ಮಾತು

ಹೋಮಾ ಬೇ ನ್ಯಾಯಾಲಯದಲ್ಲಿ ನಾನು ದುಭಾಷಿ.
ಇಂಗ್ಲಿಷಿನಲ್ಲಿ ಕೇಳಿದ್ದನ್ನು ಲುವೋ ಮಾಡುವುದು,
ಲುವೋದಲ್ಲಿ ಅತ್ತದ್ದನ್ನು ಇಂಗ್ಲಿಷ್ ಮಾಡುವುದು.
ಕೂಡಿಸುವಂತಿಲ್ಲ, ಕಳೆಯುವಂತಿಲ್ಲ.
ಹತ್ತೊಂಬತ್ತು ವರ್ಷದ ಹಿಂದೆ ಬೈಬಲ್ ಮುಟ್ಟಿ ಆಣೆಯಿಟ್ಟಿದ್ದೇನೆ.

ಸಾಕ್ಷಿಯ ಹೆಸರು ರೋಸ್ಬೆಲ್ಲಾ ಅಕೆಯೊ.
ಒಮೆನಾ ಮೀನು ಒಣಗಿಸಿ ಮಾರುವವಳು.
ಕಟಕಟೆ ಹತ್ತುವಾಗ ಚಪ್ಪಲಿ ಕಳಚಿಟ್ಟಳು.
ಇದು ಇಗರ್ಜಿಯಲ್ಲ, ಹಾಕಿಕೋ ತಾಯಿ, ಎಂದೆ ಮೆಲ್ಲಗೆ.
ಹಾಕಿಕೊಳ್ಳಲಿಲ್ಲ.

ಗಂಡ ಒಬುಯಾ ಬೆಳಗಿನ ಜಾವ ನಾಲ್ಕೂವರೆಗೆ
ಸರೋವರದಿಂದ ಲಾಂದ್ರ ಹಿಡಿದು ಬರುತ್ತಿದ್ದ.
ಹುಲ್ಲು ಒದ್ದೆ. ಹುಲ್ಲಿನಲ್ಲಿ ತಂತಿ ಮಲಗಿತ್ತು
ಮಂಗಳವಾರದಿಂದ.
ಅವನು ಸತ್ತದ್ದು ಶುಕ್ರವಾರ.

ಮೊದಲು ಒಂದು ನಾಯಿ. ಮರುದಿನ ನೆರೆಯವರ ಆಡು.
ಕಂಪನಿಗೆ ಮೂರು ಸಲ ಫೋನು:
ಎರಡು ಸಲ ಬರೀ ಸಂಗೀತ,
ಮೂರನೆಯ ಸಲ ಒಂದು ದೂರಿನ ಸಂಖ್ಯೆ.
ಸಂಖ್ಯೆ ಅವಳಿಗೆ ಬಾಯಿಪಾಠ. ಒಂದೊಂದೇ ಅಂಕಿ ಹೇಳಿದಳು,
ಒಂದೊಂದೇ ನಾನೂ ಹೇಳಿದೆ.
ಇಷ್ಟು ನೆಟ್ಟಗೆ ಯಾವತ್ತೂ ಅನುವಾದ ಮಾಡಿದ್ದಿಲ್ಲ.

ಕಂಪನಿಯ ವಕೀಲ ಮುಟಿಸ್ಯಾ ನೈರೋಬಿಯವರು,
ಮೆದು ಮಾತಿನವರು, ಕೆಟ್ಟವರೇನಲ್ಲ.
ಸೋಮವಾರ ರಾತ್ರಿ ಬೀಸಿದ ಗಾಳಿ ದೈವಕೃತ್ಯ, ಎಂದರು.
ನನ್ನ ಭಾಷೆಯಲ್ಲಿ ಅದಕ್ಕೆ ಒಂದೇ ದಾರಿ:
ಇದು ದೇವರು ಮಾಡಿದ ಕೆಲಸ.
ಹೇಳಿದೆ.
ಅವಳು ನನ್ನನ್ನೇ ನೋಡಿದಳು, ಮಾತು ನನ್ನದೇ ಎಂಬಂತೆ.
"ಕಂಬ ನೆಡಲು ಬಂದದ್ದು ನಾಲ್ಕು ಜನ, ಹಳದಿ ಟೊಪ್ಪಿಯವರು.
ನಮ್ಮಲ್ಲೇ ಗಂಜಿ ಕುಡಿದರು.
ಅವರಲ್ಲಿ ದೇವರು ಯಾರು?"

ತಂತಿಯ ಸುತ್ತ ಕಡ್ಡಿ ನೆಟ್ಟು ಕೆಂಪು ಬಟ್ಟೆ ಕಟ್ಟಿದ್ದು ಯಾರಮ್ಮಾ?
ನಾನು. ನನ್ನ ಲೆಸೊ ಹರಿದು.
ಹಾಗಾದರೆ ಅಪಾಯ ನಿಮಗೆ ಗೊತ್ತಿತ್ತು.
ಗೊತ್ತಿತ್ತು.
ಗಂಡನಿಗೂ?
ಅವನಿಗೂ.
ಇನ್ನು ಪ್ರಶ್ನೆಗಳಿಲ್ಲ, ಎಂದು ಮುಟಿಸ್ಯಾ ಕೂತರು.
"ಕತ್ತಲಲ್ಲಿ ಕೆಂಪೂ ಕಪ್ಪೇ" ಎಂದಳು.
ಯಾರೂ ಕೇಳದ ಉತ್ತರವನ್ನು ಬರೆದುಕೊಳ್ಳುವುದಿಲ್ಲ.

ಏಳು ತಿಂಗಳಿಗೆ ತೀರ್ಪು ಬಂತು.
ಅಪಾಯದ ವಸ್ತುವನ್ನು ಲಾಭಕ್ಕೆಂದು ಇಟ್ಟುಕೊಂಡವನು
ಅದು ಮೇರೆ ಮೀರಿದರೆ,
ಯಾರು ಎಲ್ಲಿ ಎಡವಿದರೆಂದು ಕೇಳುವ ಮೊದಲೇ, ಹೊಣೆ.
ಮ್ಯಾಜಿಸ್ಟ್ರೇಟ್ ಒಂದು ಪುಟ ಓದಿದ್ದನ್ನು
ನಾನು ಒಂದು ಸಾಲು ಮಾಡಿದೆ:
ಹಾಯುವ ಗೂಳಿ ಸಾಕಿದವನೇ ಬೇಲಿಗೂ ಹೊಣೆ.
ಕೂಡಿಸಿದೆನೋ, ಕಳೆದೆನೋ. ಅವಳು ತಲೆಯಾಡಿಸಿದಳು,
ಈ ಕಟ್ಟಡದಲ್ಲಿ ಮೊದಲ ಸಲ.

ಆಮೇಲೆ ಲೆಕ್ಕ.
ನೋವು ಸಂಕಟದ ಬಾಬ್ತು: ಸಾವು ತಕ್ಷಣದ್ದು,
ಆದ್ದರಿಂದ ಹತ್ತು ಸಾವಿರ ಶಿಲ್ಲಿಂಗ್ ಮಾತ್ರ.
ತಕ್ಷಣ.
ಅವಳು ಓಡಿ ಬಂದಾಗ ಅವನ ಮುಷ್ಟಿಯಲ್ಲಿ ಲಾಂದ್ರ ಉರಿಯುತ್ತಲೇ ಇತ್ತು;
ಮುಟ್ಟಬೇಡ ಮುಟ್ಟಬೇಡ ಎಂದು ನೆರೆಯವನು
ದೋಣಿಯ ಒಣ ಹುಟ್ಟು ಅಡ್ಡ ಹಿಡಿದು ನಿಂತಿದ್ದ,
ಎಣ್ಣೆ ತೀರುವವರೆಗೆ, ಬೆಳಗಾಗುವವರೆಗೆ.
ಆ ಹೊತ್ತಿಗೆ ಯಾವ ಬಾಬ್ತೂ ಇಲ್ಲ.

ಕೊನೆಗೆ: ಕಂಪನಿಯ ಹೊಣೆ ನೂರಕ್ಕೆ ಎಪ್ಪತ್ತು,
ಉಳಿದ ಮೂವತ್ತು ಮೃತನದು.
"ಯಾವ ಮೂವತ್ತು?" ಎಂದಳು.
"ಕಾಲೋ? ಕತ್ತಲೋ? ನಾನು ಕಟ್ಟಿದ ಬಟ್ಟೆಯೋ?"
ಮ್ಯಾಜಿಸ್ಟ್ರೇಟ್ ಕನ್ನಡಕ ಇಳಿಸಿ ನನ್ನ ಕಡೆ ನೋಡಿದರು:
ಏನನ್ನುತ್ತಾಳೆ?

ಅರ್ಥವಾಯಿತು ಅನ್ನುತ್ತಾಳೆ, ಮಹಾಸ್ವಾಮಿ,
ಎಂದೆ.
ಬರೆದುಕೊಂಡರು.

ಆ ರಾತ್ರಿ ಮನೆಯ ಮೀಟರಿಗೆ ದುಡ್ಡು ತೀರಿತ್ತು.
ಟೋಕನ್ ಕೊಂಡು, ಇಪ್ಪತ್ತು ಅಂಕಿ ಒತ್ತುತ್ತಾ ನಿಂತೆ.
ಅರ್ಧ ದಾರಿಯಲ್ಲಿ ಬೆರಳು ತಾನಾಗಿ
ಅವಳ ದೂರಿನ ಸಂಖ್ಯೆಯನ್ನು ಒತ್ತತೊಡಗಿತು.

ತಿರಸ್ಕೃತ, ಎಂದಿತು ಮೀಟರು.
ಹೆಂಡತಿ ಒಳಗಿಂದ ಕೇಳಿದಳು: ಬಂತೇ?
ಇನ್ನೂ ಇಲ್ಲ, ಎಂದೆ,
ಬರಿಗಾಲಲ್ಲಿ, ತಣ್ಣನೆಯ ಸಿಮೆಂಟಿನ ಮೇಲೆ.